ಮುರಿದ ಮೂಳೆಗೆ ಕೊನೆಯ ಅಕ್ಷರ

ಅಮೆರಿಕದ ಆಸ್ಪತ್ರೆಗಳಲ್ಲಿ 2015ರ ಅಕ್ಟೋಬರ್‌ನಿಂದ ಜಾರಿಯಲ್ಲಿರುವ ಐಸಿಡಿ-10-ಸಿಎಂ ಎಂಬ ರೋಗ-ಕೋಡ್ ಪದ್ಧತಿಯಲ್ಲಿ ‘ಎಂ80.051ಜಿ’ ಎಂದಿದ್ದರೆ, ಮೂಳೆಯನ್ನು ಟೊಳ್ಳಾಗಿಸುವ ವಯೋಸಹಜ ಆಸ್ಟಿಯೊಪೊರೋಸಿಸ್‌ನಿಂದ ಬಲತೊಡೆಯ ಮೂಳೆ ಮುರಿದಿದೆ, ಕೂಡಿಕೊಳ್ಳುವುದು ತಡವಾಗುತ್ತಿದೆ ಎಂದರ್ಥ. ‘ಜಿ’ ಬದಲು ‘ಡಿ’ ಇದ್ದರೆ ಸರಿಯಾಗಿ ಕೂಡುತ್ತಿದೆ. ‘ಕೆ’ ಇದ್ದರೆ ಕೂಡಿಯೇ ಇಲ್ಲ.

ಇದೆಲ್ಲ ಬರೀ ಬಿಲ್ಲಿನ ಲೆಕ್ಕ ಎನ್ನುವವರಿದ್ದಾರೆ. ವಿಮೆ ಹಣಕ್ಕೂ ಇದಕ್ಕೂ ನಂಟಿರುವುದು ಸುಳ್ಳೇನಲ್ಲ. ಆದರೆ ಬಚ್ಚಲಲ್ಲಿ ಜಾರಿಬಿದ್ದ ಅಜ್ಜಿಯ ಮುರಿತವನ್ನು ಬರೀ ಪೆಟ್ಟೆಂದು ದಾಖಲಿಸಿದರೆ, ಮೂಳೆ ಟೊಳ್ಳಾದ ಸಂಗತಿ ಆ ಕೋಡ್‌ನಲ್ಲಿ ಕಾಣುವುದೇ ಇಲ್ಲ. ಅದಕ್ಕೇ ನಿಯಮ ಹೇಳುತ್ತದೆ: ಆಸ್ಟಿಯೊಪೊರೋಸಿಸ್ ಇರುವುದು ಗೊತ್ತಿದ್ದು, ಗಟ್ಟಿ ಮೂಳೆ ತಾಳಿಕೊಳ್ಳಬಹುದಾದ ಸಣ್ಣ ಬೀಳುವಿಕೆಗೇ ಮುರಿದಿದ್ದರೆ, ಎಂ80 ಗುಂಪಿನ ಕೋಡನ್ನೇ ಹಾಕಬೇಕು. ಇನ್ನು ‘ಜಿ’ ಮಾತು: ಎಕ್ಸ್‌ರೇ ನೋಡಿದ ವೈದ್ಯರು ‘ತಡವಾಗುತ್ತಿದೆ’ ಎಂದು ಬರೆಯದೆ, ಕೋಡ್ ಹಾಕುವವರು ಊಹಿಸಿ ಸೇರಿಸುವಂತಿಲ್ಲ.