ಗುಡ್ಡದ ಮೇಲಿನ ಅಶೋಕ

ಕೊಪ್ಪಳದ ಗವಿಸಿದ್ಧೇಶ್ವರ ಜಾತ್ರೆಗೆ ಲಕ್ಷಾಂತರ ಜನ ಬರುತ್ತಾರೆ. ತೇರಿಗೆ ಉತ್ತತ್ತಿ ಎಸೆದು ದಾಸೋಹದಲ್ಲಿ ಉಂಡು ಹೊರಟವರಲ್ಲಿ, ಗವಿಮಠದ ಗುಡ್ಡ ಹತ್ತಿ ಅಶೋಕನ ಶಾಸನ ನೋಡುವವರು ಕಡಿಮೆ.

ಅಶೋಕ ಬೋಧಿವೃಕ್ಷಕ್ಕೆ ಹೋದದ್ದನ್ನು ಸಾಂಚಿಯ ತೋರಣದಲ್ಲಿ ಕಡೆದಿದ್ದಾರೆ. ನಮ್ಮ ಕಲಬುರಗಿ ಜಿಲ್ಲೆಯ ಕನಗನಹಳ್ಳಿ ಸ್ತೂಪದಲ್ಲಿ ರಾಣಿಯೊಡನೆ ನಿಂತ ಅವನ ಚಿತ್ರದ ಕೆಳಗೆ ‘ರಾಯೊ ಅಸೋಕ’ ಎಂದು ಹೆಸರೂ ಇದೆ. ಕ್ಯಾಮೆರಾ ಇಲ್ಲದ ಕಾಲದಲ್ಲಿ ರಾಜರ ಭೇಟಿಗಳನ್ನು ಉಳಿಸಿದ್ದು ಉಳಿಯೇ. ಆದರೆ ಅವು ಬೇರೆಯವರು ಮಾಡಿದ ಚಿತ್ರಗಳು. ಗವಿಮಠದ ಬಂಡೆಯಲ್ಲಿ ರಾಜನೇ ಮಾತಾಡುತ್ತಾನೆ: ಬೌದ್ಧ ಉಪಾಸಕನಾಗಿ ಎರಡೂವರೆ ವರ್ಷ ಮಿಕ್ಕಿತು, ಮೊದಲೊಂದು ವರ್ಷ ಅಷ್ಟೇನೂ ಶ್ರಮಪಡಲಿಲ್ಲ, ಸಂಘದ ಬಳಿ ಹೋದ ಮೇಲೆ ಪಟ್ಟುಹಿಡಿದೆ ಎಂಬರ್ಥದಲ್ಲಿ. ಚಕ್ರವರ್ತಿಯೊಬ್ಬ ತನ್ನ ಸೋಮಾರಿತನವನ್ನು ಕಲ್ಲಿಗೆ ಹಾಕಿಸಿದ್ದು ನನಗಂತೂ ಕಳಿಂಗ ಯುದ್ಧಕ್ಕಿಂತ ದೊಡ್ಡ ಸುದ್ದಿ.

ಈ ಶಾಸನ ಪತ್ತೆಯಾದ ಕಾಲಕ್ಕೆ ಈ ಸೀಮೆ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್ ಇದೇ ಸಂಸ್ಥಾನದ ಮಸ್ಕಿಯಲ್ಲಿ ಅಶೋಕನ ಶಾಸನವೊಂದನ್ನು ಕಂಡರು. ಅದುವರೆಗೆ ಸಿಕ್ಕ ಶಾಸನಗಳಲ್ಲಿ ‘ದೇವಾನಾಂಪ್ರಿಯ’, ‘ಪ್ರಿಯದರ್ಶಿ’ ಎಂಬ ಬಿರುದುಗಳಷ್ಟೇ ಇದ್ದವು. ಮಸ್ಕಿಯಲ್ಲಿ ಅಶೋಕ ಎಂಬ ಹೆಸರೇ ಸಿಕ್ಕಿತು. ಕೊಪ್ಪಳವನ್ನು ಮಾತ್ರ ವಿದ್ವಾಂಸರು ಜೈನರ ಕೊಪಣ ತೀರ್ಥವೆಂದೇ ಬಲ್ಲವರಾಗಿದ್ದರು.

1931ರಲ್ಲಿ ಇಲ್ಲಿನ ಗುಡ್ಡಗಳಲ್ಲಿ ಒಂದಲ್ಲ, ಎರಡು ಅಶೋಕನ ಶಾಸನಗಳನ್ನು ಪತ್ತೆಮಾಡಿದವರು ಕೊಪ್ಪಳದವರೇ ಆದ ಪಂಡಿತ ಎನ್.ಬಿ. ಶಾಸ್ತ್ರಿ. ಗವಿಮಠದ್ದು ಚಾಚಿದ ಬಂಡೆಯ ಮರೆಯಲ್ಲಿದ್ದು ಬ್ರಾಹ್ಮಿ ಅಕ್ಷರ ಚೆನ್ನಾಗಿ ಉಳಿದಿತ್ತು. ಪಾಲ್ಕಿಗುಂಡು ಎಂಬ ಇನ್ನೊಂದು ಗುಡ್ಡದ್ದು ಬಹಳ ಸವೆದಿತ್ತು. ಗುಂಡುಗಳ ಮೇಲೆ ಚಪ್ಪಡಿ ಕೂತು ಪಲ್ಲಕ್ಕಿಯಂತೆ ಕಾಣುವ ಆ ಗುಡ್ಡದಲ್ಲೇ ವರಾಂಗಚರಿತೆಯ ಜೈನ ಕವಿ ಜಟಾಸಿಂಹನಂದಿಯ ಕೆತ್ತಿದ ಪಾದಗಳೂ ಇವೆ. ಚಾವಯ್ಯ ಎಂಬವನು ಮಾಡಿಸಿದ್ದು ಎಂದು ಅಲ್ಲಿನ ಕನ್ನಡ ಶಾಸನ ಹೇಳುತ್ತದೆ. ಬೌದ್ಧ, ಜೈನ, ವೀರಶೈವ, ಮೂರಕ್ಕೂ ಇದೇ ಗುಡ್ಡಗಳ ಕಲ್ಲು ಬೇಕಾಯಿತು.

ಮರುವರ್ಷ ಭಾಷಾವಿದ್ವಾಂಸ ಆರ್.ಎಲ್. ಟರ್ನರ್ ಎರಡೂ ಶಾಸನಗಳನ್ನು ಓದಿ, ಹೈದರಾಬಾದ್ ಪುರಾತತ್ವ ಮಾಲೆಯ 10ನೇ ಪುಸ್ತಕವಾಗಿ ಹೊರತಂದರು. ಓದಿದವರ ಹೆಸರು ಪುಸ್ತಕದ ಮೇಲಿದೆ; ಪತ್ತೆಮಾಡಿದವರ ಹೆಸರನ್ನು ನಾವೇ ನೆನಪಿಡಬೇಕು. ಜಾತ್ರೆಗೆ ಬಂದಾಗ ಗುಡ್ಡ ಹತ್ತಿ, ಅಕ್ಷರಗಳ ಮೇಲೆ ಸುಣ್ಣ, ಸೀಮೆಸುಣ್ಣ ಹಚ್ಚದೆ ನೋಡಿ. ಮಕ್ಕಳಿಗೆ ಅಶೋಕನ ಹೆಸರಿನ ಜೊತೆ ಶಾಸ್ತ್ರಿಗಳ ಹೆಸರನ್ನೂ ಹೇಳಿ.