ಕನ್ಹೇರಿಯ ದೊಣೆಗಳಿಂದ ಅಂಬರನಾಥದವರೆಗೆ ಒಂದು ದಿನದ ಪಯಣ

ಪ್ರವಾಸವೆಂದರೆ ಐವತ್ತು ಜನರ ಬಸ್ಸು, ಬೆಳಗಿನ ಜಾವದ ಹಾಜರಿ, ದಾರಿಯುದ್ದಕ್ಕೂ ಅಂತ್ಯಾಕ್ಷರಿ, ಪ್ರತಿ ಸ್ಥಳದಲ್ಲೂ ಇಪ್ಪತ್ತು ನಿಮಿಷದ ನಿಲುಗಡೆ ಎಂಬ ಪದ್ಧತಿ ಮುಂಬಯಿ ಕನ್ನಡಿಗರ ಸಂಘ-ಸಂಸ್ಥೆಗಳಲ್ಲಿ ಬಹುಕಾಲದಿಂದ ರೂಢಿಯಲ್ಲಿದೆ. ಅದಕ್ಕೆ ಅದರದೇ ಆದ ಸಂತೋಷವಿದೆ. ಆದರೆ ಇತ್ತೀಚಿನ ವರ್ಷಗಳಲ್ಲಿ ಥಾಣೆ, ಡೊಂಬಿವಲಿ, ಕಲ್ಯಾಣ, ನವಿ ಮುಂಬಯಿಯ ಕುಟುಂಬಗಳು ಬೇರೊಂದು ಬಗೆಯ ಪ್ರವಾಸವನ್ನೂ ವಿಚಾರಿಸುತ್ತಿವೆ: ಒಂದು ಅಥವಾ ಎರಡು ಕುಟುಂಬಕ್ಕೆ ಒಂದು ವಾಹನ, ವಿಷಯ ಬಲ್ಲ ಒಬ್ಬ ಮಾರ್ಗದರ್ಶಿ, ಬೆಳಗ್ಗೆ ಹೊರಟು ರಾತ್ರಿಯ ಊಟಕ್ಕೆ ಮನೆ. ವಿದೇಶಕ್ಕೆ ಹೋಗಿಬಂದ ಮಕ್ಕಳು ಅಲ್ಲಿ ಕಂಡ ಕ್ರಮವನ್ನು ಇಲ್ಲಿಯೂ ನಿರೀಕ್ಷಿಸುವುದು ಇದಕ್ಕೆ ಒಂದು ಕಾರಣವಿರಬಹುದು.

ಮೆಕ್ಸಿಕೋ ದೇಶದ ಯುಕಟಾನ್ ಪರ್ಯಾಯದ್ವೀಪದಲ್ಲಿ ಈ ಕ್ರಮ ಬಹಳ ಪ್ರಸಿದ್ಧ. ಬೆಳಗ್ಗೆ ಟುಲುಮ್ ಅಥವಾ ಚಿಚೆನ್ ಇಟ್ಜಾದಲ್ಲಿ ಪ್ರಾಚೀನ ಮಾಯಾ ಜನರ ಅವಶೇಷಗಳ ದರ್ಶನ. ಮಧ್ಯಾಹ್ನ ನೆಲದಡಿಯ ಗುಹೆಯ ತಿಳಿನೀರಿನಲ್ಲಿ ಮುಖಕ್ಕೆ ಗಾಜಿನ ಕವಚ, ಬಾಯಿಗೆ ಉಸಿರಿನ ಕೊಳವೆ ಧರಿಸಿ ತೇಲುವ ಸ್ನಾರ್ಕೆಲಿಂಗ್. ಮೇಲ್ನೋಟಕ್ಕೆ ಇವೆರಡಕ್ಕೂ ಸಂಬಂಧವಿಲ್ಲ ಎನಿಸುತ್ತದೆ. ಆದರೆ ಅಲ್ಲಿನ ನೆಲ ಸುಣ್ಣಕಲ್ಲಿನದು. ಮಳೆನೀರು ಕಲ್ಲಿನೊಳಕ್ಕೆ ಇಂಗಿಹೋಗುವುದರಿಂದ ನೆಲದ ಮೇಲೆ ಹರಿಯುವ ನದಿಗಳು ಇಲ್ಲವೆಂದೇ ಹೇಳಬೇಕು. ಮೇಲ್ಛಾವಣಿ ಕುಸಿದು ಬಾಯ್ದೆರೆದ ನೆಲಗುಹೆಗಳ ನೀರನ್ನೇ ನೆಚ್ಚಿ ಮಾಯಾ ಜನ ಊರು ಕಟ್ಟಿದರು. ಈ ನೀರುಗುಂಡಿಗಳಿಗೆ ಅಲ್ಲಿ ‘ಸೆನೋಟೆ’ ಎಂದು ಹೆಸರು. ಚಿಚೆನ್ ಇಟ್ಜಾದ ಪವಿತ್ರ ಸೆನೋಟೆಗೆ ಅವರು ಚಿನ್ನ, ಹಸಿರುಕಲ್ಲಿನ ಆಭರಣಗಳನ್ನು ಅರ್ಪಿಸುತ್ತಿದ್ದರು. ನೀರನ್ನು ನೋಡದೆ ಆ ಕಲ್ಲುಗಳು ಅರ್ಥವಾಗುವುದಿಲ್ಲ. ಆದ್ದರಿಂದಲೇ ಬಲ್ಲ ಮಾರ್ಗದರ್ಶಿಗಳು ಎರಡನ್ನೂ ಒಂದೇ ದಿನದಲ್ಲಿ ಜೋಡಿಸುತ್ತಾರೆ.

ಇದೇ ಕಣ್ಣಿನಿಂದ ನಮ್ಮ ಥಾಣೆ-ಕಲ್ಯಾಣ ಸೀಮೆಯನ್ನು ನೋಡಿದರೆ ಹೇಗೆ? ಇಲ್ಲಿ ಗುಹೆಯ ನೀರಿಗಿಳಿದು ಈಜುವ ಸೌಲಭ್ಯವಿಲ್ಲ, ಇರಲೂಬಾರದು. ಆದರೆ ಪ್ರಾಚೀನ ಗುಹೆ, ಗುಹೆಯ ನೀರು, ಹಳೆಯ ದೇವಾಲಯ ಮೂರನ್ನೂ ಒಂದು ಹಗಲಿನಲ್ಲಿ ಕಾಣುವ ದಾರಿ ನಮ್ಮ ಮನೆಬಾಗಿಲಲ್ಲೇ ಇದೆ. ಆ ದಾರಿಯಲ್ಲಿ ಕನ್ನಡ ನಾಡಿನ ಅರಸರ ಹೆಸರೂ ಇದೆ ಎಂಬುದು ನಮ್ಮವರಲ್ಲಿ ಅನೇಕರಿಗೆ ತಿಳಿಯದು.

ಪಯಣವನ್ನು ಕನ್ಹೇರಿಯಿಂದ ಆರಂಭಿಸುವುದು ಒಳ್ಳೆಯದು. ಬೊರಿವಲಿ ಪೂರ್ವದ ಸಂಜಯ ಗಾಂಧಿ ರಾಷ್ಟ್ರೀಯ ಉದ್ಯಾನದ ಮಹಾದ್ವಾರದಿಂದ ಒಳಗೆ ಸುಮಾರು 6 ಕಿಲೋಮೀಟರ್ ದೂರದಲ್ಲಿ ಕಪ್ಪುಕಲ್ಲಿನ ಬೆಟ್ಟವನ್ನು ಕೊರೆದು ಮಾಡಿದ ನೂರಕ್ಕೂ ಹೆಚ್ಚು ಬೌದ್ಧ ಗುಹೆಗಳಿವೆ. ಹಳೆಯ ಹೆಸರು ಕೃಷ್ಣಗಿರಿ, ಪ್ರಾಕೃತದಲ್ಲಿ ಕನ್ಹಸೇಲ. ಕ್ರಿಸ್ತಪೂರ್ವ ಒಂದನೆಯ ಶತಮಾನದ ಸುಮಾರಿಗೆ ಆರಂಭವಾದ ಕೆತ್ತನೆಯ ಕೆಲಸ ಸಾವಿರ ವರ್ಷಗಳಷ್ಟು ಕಾಲ ಬಿಟ್ಟುಬಿಟ್ಟು ನಡೆಯಿತು. ಪ್ರವಾಸಿಗರು ಸಾಮಾನ್ಯವಾಗಿ 3ನೆಯ ಗುಹೆಯ ಚೈತ್ಯವನ್ನೂ ಅದರ ಮೊಗಸಾಲೆಯ ಎರಡು ಬದಿಗಳಲ್ಲಿ ನಿಂತ ಸುಮಾರು 7 ಮೀಟರ್ ಎತ್ತರದ ಬುದ್ಧಮೂರ್ತಿಗಳನ್ನೂ ನೋಡಿ, ಛಾಯಾಚಿತ್ರ ತೆಗೆದುಕೊಂಡು ಮರಳುತ್ತಾರೆ. ಕನ್ಹೇರಿಯ ನಿಜವಾದ ಸೋಜಿಗ ಇರುವುದು ಅವರ ಕಾಲಬುಡದಲ್ಲಿ.

ಬಹುತೇಕ ವಾಸದ ಗುಹೆಗಳ ಮುಂಭಾಗದಲ್ಲಿ, ಒಂದು ಬದಿಗೆ, ಚೌಕಾಕಾರದ ಬಾಯಿಯುಳ್ಳ ಕಲ್ಲಿನ ದೊಣೆ ಕಾಣಿಸುತ್ತದೆ. ಬಾಯಿ ಚಿಕ್ಕದು, ಒಳಗೆ ವಿಶಾಲ. ಗುಹೆಯ ಮೇಲಿನ ಬಂಡೆಯಲ್ಲಿ ಬೆರಳಗಲದಿಂದ ಗೇಣಗಲದವರೆಗಿನ ಕಾಲುವೆಗಳನ್ನು ಕೊರೆದು, ಬೆಟ್ಟದ ನೆತ್ತಿಗೆ ಬಿದ್ದ ಮಳೆನೀರು ಗುಹೆಯೊಳಗೆ ಸೋರದೆ ಈ ದೊಣೆಗೆ ಇಳಿಯುವಂತೆ ಮಾಡಿದ್ದಾರೆ. ಒಂದು ತುಂಬಿದರೆ ನೀರು ಕೆಳಗಿನದಕ್ಕೆ ಹರಿಯುತ್ತದೆ. ಮಳೆ ನಾಲ್ಕು ತಿಂಗಳು, ಬರ ಎಂಟು ತಿಂಗಳು ಎಂಬ ಕೊಂಕಣದ ಹವೆಯಲ್ಲಿ ನೂರಾರು ಭಿಕ್ಷುಗಳು ಬೆಟ್ಟದ ಮೇಲೆ ವರ್ಷವಿಡೀ ನೆಲೆಸಲು ಸಾಧ್ಯವಾದದ್ದು ಈ ವ್ಯವಸ್ಥೆಯಿಂದ. ನಮ್ಮ ಸೊಸೈಟಿಗಳಲ್ಲಿ ಮಳೆಕೊಯ್ಲಿನ ಬಗ್ಗೆ ವರ್ಷವಿಡೀ ಸಭೆ ನಡೆಸಿ ಟ್ಯಾಂಕರಿಗೆ ಫೋನು ಮಾಡುವ ನಾವು ಇಲ್ಲಿ ಸ್ವಲ್ಪ ಹೊತ್ತು ನಿಲ್ಲುವುದು ಉಚಿತ.

ಈ ದೊಣೆಗಳನ್ನು ಮಾಡಿಸಿಕೊಟ್ಟವರು ಯಾರು? ಬಹುಮಟ್ಟಿಗೆ ಸಾಮಾನ್ಯ ನಾಗರಿಕರು. ಶಾಸನಗಳಲ್ಲಿ ದೊಣೆಗೆ ‘ಪಾನೀಯಪೋಢಿ’ ಎಂಬ ಪ್ರಾಕೃತ ಮಾತಿದೆ. ದಾನಿಗಳ ಊರುಗಳಲ್ಲಿ ಸೋಪಾರ, ಚೌಲ್, ನಾಸಿಕ ಮಾತ್ರವಲ್ಲ, ಕಲ್ಯಾಣವೂ ಇದೆ. ಕಲ್ಯಾಣದ ಸಾಮಿದತ್ತನೆಂಬ ಅಕ್ಕಸಾಲಿಗ ಒಂದು ಪಾನೀಯಪೋಢಿಯನ್ನು ದಾನ ಮಾಡಿದ ಉಲ್ಲೇಖ ಇಲ್ಲಿದೆ. ಇಂದಿನ ಕಲ್ಯಾಣ ನಿಲ್ದಾಣದಲ್ಲಿ ಲೋಕಲ್ ಹತ್ತುವ ಮಗುವಿಗೆ, ‘ನಿನ್ನ ಊರಿನವನೊಬ್ಬ ಹದಿನೆಂಟು ನೂರು ವರ್ಷಗಳ ಹಿಂದೆ ಇಲ್ಲಿ ನೀರು ಇಡಿಸಿದ’ ಎಂದು ಹೇಳಿದರೆ ಅದರ ಕಣ್ಣು ಅರಳುವುದನ್ನು ನಾವು ಕಂಡಿದ್ದೇವೆ. ಇಂಥ ಮಾತು ಹೇಳಬಲ್ಲ ಮಾರ್ಗದರ್ಶಿ ಸಿಕ್ಕರೆ ಕೊಟ್ಟ ಹಣ ಸಾರ್ಥಕ.

ಇನ್ನು ಕನ್ನಡಿಗರ ಮಾತು. ಕನ್ಹೇರಿಯಲ್ಲಿ ಮಾನ್ಯಖೇಟದ ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷನ ಆಳ್ವಿಕೆಯನ್ನು ಹೆಸರಿಸುವ ಮೂರು ಶಾಸನಗಳಿವೆ. ಅವುಗಳ ಕಾಲ ಶಕ 765, 775 ಮತ್ತು 799. ಅಂದರೆ ಸುಮಾರಾಗಿ ಕ್ರಿ.ಶ. 843, 853 ಮತ್ತು 877. ಆಗ ಕೊಂಕಣವನ್ನು ಆತನ ಸಾಮಂತರಾಗಿ ಆಳುತ್ತಿದ್ದವರು ಶಿಲಾಹಾರ ವಂಶದ ಪುಲ್ಲಶಕ್ತಿ ಮತ್ತು ಅವನ ಮಗ ಕಪರ್ದಿ. ಭಿಕ್ಷುಗಳ ಬಟ್ಟೆಗೆ, ವಿಹಾರದ ದುರಸ್ತಿಗೆ, ಪುಸ್ತಕಗಳಿಗೆ ಎಂದು ದ್ರಮ್ಮ ನಾಣ್ಯಗಳನ್ನು ಇಡುಗಂಟಾಗಿ ಇರಿಸಿದ ವಿವರ ಈ ಶಾಸನಗಳಿಂದ ತಿಳಿಯುತ್ತದೆ. ದಾನಿಗಳಲ್ಲೊಬ್ಬ ದೂರದ ಗೌಡದೇಶದಿಂದ, ಅಂದರೆ ಬಂಗಾಳದ ಕಡೆಯಿಂದ ಬಂದವನು. ನೃಪತುಂಗನೆಂಬ ಬಿರುದಿನ ಈ ಅಮೋಘವರ್ಷನ ಆಸ್ಥಾನದಲ್ಲೇ, ಹೆಚ್ಚುಕಡಿಮೆ ಇದೇ ವರ್ಷಗಳಲ್ಲಿ, ಕನ್ನಡದ ಮೊದಲ ಉಪಲಬ್ಧ ಗ್ರಂಥ ‘ಕವಿರಾಜಮಾರ್ಗ’ ರಚಿತವಾಯಿತು. ಜೈನಧರ್ಮದತ್ತ ಒಲವಿದ್ದ ಅರಸನ ರಾಜ್ಯದಲ್ಲಿ, ಶೈವ ಸಾಮಂತರ ಆಡಳಿತದಲ್ಲಿ, ಬೌದ್ಧ ವಿಹಾರಕ್ಕೆ ಪುಸ್ತಕದ ಹಣ ನಿರಾತಂಕವಾಗಿ ಸಲ್ಲುತ್ತಿತ್ತು.

ಇಲ್ಲಿ ಒಂದು ಎಚ್ಚರಿಕೆಯ ಮಾತು ಹೇಳಬೇಕು. ಈ ಶಾಸನಗಳ ಭಾಷೆ ಸಂಸ್ಕೃತ, ಕನ್ನಡವಲ್ಲ. ಕವಿರಾಜಮಾರ್ಗವೇ ಕನ್ನಡ ನಾಡಿನ ಎಲ್ಲೆಯನ್ನು ಕಾವೇರಿಯಿಂದ ಗೋದಾವರಿಯವರೆಗೆ ಎಂದು ಗುರುತಿಸಿದೆ. ಉತ್ತರ ಕೊಂಕಣ ಆ ಎಲ್ಲೆಯೊಳಗೆ ಬರುವುದಿಲ್ಲ. ಆದ್ದರಿಂದ ‘ಇದೆಲ್ಲ ಒಂದು ಕಾಲಕ್ಕೆ ನಮ್ಮದಾಗಿತ್ತು’ ಎಂದು ಮಕ್ಕಳಿಗೆ ಹೇಳಿಕೊಡುವುದು ಚರಿತ್ರೆಯ ದೃಷ್ಟಿಯಿಂದಲೂ ಸರಿಯಲ್ಲ, ಮರಾಠಿ ನೆರೆಹೊರೆಯ ನಡುವೆ ಬಾಳುವ ನಮಗೆ ಶೋಭಿಸುವುದೂ ಇಲ್ಲ. ಎರಡು ನಾಡುಗಳ ಜನ ಒಬ್ಬರ ಅಂಗಳದಲ್ಲಿ ಒಬ್ಬರು ಓಡಾಡಿಕೊಂಡಿದ್ದರು ಎಂಬುದಷ್ಟೇ ಸತ್ಯ. ನಮಗೆ ಅಷ್ಟು ಸಾಕು.

90ನೆಯ ಗುಹೆಯನ್ನು ತಪ್ಪಿಸಬಾರದು. ಅಲ್ಲಿ ಪಹ್ಲವಿ ಲಿಪಿಯಲ್ಲಿ, 1009 ಮತ್ತು 1021ರಲ್ಲಿ ಇಲ್ಲಿಗೆ ಬಂದಿದ್ದ ಪಾರ್ಸಿ ಸಂದರ್ಶಕರ ಹೆಸರುಗಳಿವೆ. ಸಾವಿರ ವರ್ಷಗಳ ಹಿಂದೆಯೂ ಗುಂಪುಕಟ್ಟಿಕೊಂಡು ಗುಹೆ ನೋಡಲು ಬಂದವರಿದ್ದರು, ಗೋಡೆಯ ಮೇಲೆ ಹೆಸರು ಕೆತ್ತುವ ಚಪಲವೂ ಇತ್ತು! ಅವರ ಕೆತ್ತನೆ ಇಂದು ಚರಿತ್ರೆಯ ಸಾಧನ. ನಮ್ಮ ಕೆತ್ತನೆ 1958ರ ಸ್ಮಾರಕ ಸಂರಕ್ಷಣಾ ಕಾಯಿದೆಯ ಪ್ರಕಾರ ಶಿಕ್ಷಾರ್ಹ ಅಪರಾಧ.

ಕನ್ಹೇರಿಯಿಂದ ಘೋಡಬಂದರ್ ರಸ್ತೆ ಹಿಡಿದು ಥಾಣೆಗೆ ಬಂದರೆ ಶಿಲಾಹಾರರ ರಾಜಧಾನಿಗೆ ಬಂದಂತೆ. ಶಾಸನಗಳ ‘ಶ್ರೀಸ್ಥಾನಕ’ವೇ ಇಂದಿನ ಥಾಣೆ. ಇಂದು ಕಾರಾಗೃಹವಿರುವ ಥಾಣೆಯ ಕೋಟೆಯಲ್ಲಿ 1787ರಲ್ಲಿ ನೆಲ ಅಗೆಯುವಾಗ ಶಿಲಾಹಾರ ಅರಿಕೇಸರಿಯ ಶಕ 939ರ, ಅಂದರೆ 1017ರ ತಾಮ್ರಪಟಗಳು ದೊರೆತವು. ಈ ವಂಶದವರು ತಮ್ಮನ್ನು ತಗರಪುರದ, ಅಂದರೆ ಇಂದಿನ ಧಾರಾಶಿವ ಜಿಲ್ಲೆಯ ತೇರ್ ಊರಿನ ಒಡೆಯರ ಪೀಳಿಗೆ ಎಂದು ಕರೆದುಕೊಂಡರು. ಉತ್ತರ ಕೊಂಕಣದ ಶಾಖೆಯ ತಾಮ್ರಪಟಗಳು ಸಂಸ್ಕೃತದಲ್ಲಿದ್ದರೂ ಅವುಗಳ ನಡುವೆ ‘ಗಂಡರಗಂಡ’, ‘ನನ್ನಿಸಮುದ್ರ’ ಎಂಬ ಕನ್ನಡ ಬಿರುದುಗಳು ಇಣುಕುತ್ತವೆ. ಕೊಲ್ಹಾಪುರದ ಶಾಖೆಯಂತೂ ಹಲವು ಶಾಸನಗಳನ್ನು ಕನ್ನಡದಲ್ಲೇ ಬರೆಸಿತು. ಭಿವಂಡಿ ಸಮೀಪದ ಭಾದಾನದ ದಾನಶಾಸನದಲ್ಲಿ, 997ರಲ್ಲಿ, ಅಪರಾಜಿತನೆಂಬ ಶಿಲಾಹಾರ ಅರಸ ಆಗಲೇ ಅಳಿದುಹೋಗಿದ್ದ ರಾಷ್ಟ್ರಕೂಟರ ವಂಶಾವಳಿಯನ್ನು ಹೇಳಿ ಅವರ ಪತನಕ್ಕೆ ಮರುಗಿದ್ದಾನೆ. ಅಧಿಕಾರ ಹೋದ ಮೇಲೂ ಒಡೆಯನನ್ನು ನೆನೆಯುವ ಸಾಮಂತರು ಚರಿತ್ರೆಯಲ್ಲಿ ವಿರಳ.

ಥಾಣೆಯಲ್ಲಿ ಊಟ ಮುಗಿಸಿ ಕಲ್ಯಾಣ ದಾಟಿ ಅಂಬರನಾಥಕ್ಕೆ ಸಾಗುವಾಗ ಮಕ್ಕಳು ಕೇಳುವ ಪ್ರಶ್ನೆಯೊಂದಿದೆ: ಬಸವಣ್ಣನವರ ಕಲ್ಯಾಣ ಇದೇನಾ? ಅಲ್ಲ. ಅದು ಬೀದರ ಜಿಲ್ಲೆಯ ಬಸವಕಲ್ಯಾಣ. ಇದು ಸಮುದ್ರ ವ್ಯಾಪಾರದ ಹಳೆಯ ಬಂದರು ಕಲ್ಯಾಣ. ಹಿರಿಯರಲ್ಲೂ ಕೆಲವರಿಗೆ ಈ ಗೊಂದಲವಿರುವುದರಿಂದ ಇಲ್ಲಿ ಹೇಳಿದ್ದೇವೆ.

ಅಂಬರನಾಥದ ಶಿವಾಲಯ ವಾಲಧುನಿ ನದಿಯ ದಂಡೆಯಲ್ಲಿದೆ. ಅಲ್ಲಿನ ಶಾಸನದ ಕಾಲ ಶಕ 982, ಅಂದರೆ 1060; ಹೆಸರಿಸಲಾದ ಅರಸ ಶಿಲಾಹಾರ ಮುಮ್ಮುಣಿ. ಭೂಮಿಜ ಶೈಲಿಯ ಈ ಕಪ್ಪುಕಲ್ಲಿನ ದೇವಾಲಯದ ಶಿಖರ ಇಂದು ಪೂರ್ಣವಾಗಿಲ್ಲ. ಮಂಟಪದಿಂದ ಸುಮಾರು ಇಪ್ಪತ್ತು ಮೆಟ್ಟಿಲು ಕೆಳಗಿಳಿದರೆ ಗರ್ಭಗುಡಿ, ತಲೆಯೆತ್ತಿದರೆ ಆಕಾಶ. ಹೊರಗೋಡೆಯ ಕೋನಕೋನಗಳಲ್ಲಿ ಶಿಲ್ಪಗಳು ಕಿಕ್ಕಿರಿದಿವೆ. ಇಳಿಬಿಸಿಲು ಅವುಗಳ ಮೇಲೆ ಬೀಳುವ ವೇಳೆಗೆ ತಲುಪುವುದು ಒಳಿತು. ಇದು ಪೂಜೆ ನಡೆಯುವ ಗುಡಿ. ಪಾದರಕ್ಷೆ ಹೊರಗೆ, ಮಾತು ಮೆಲ್ಲಗೆ.

ಆದರೆ ದಿನವಿಡೀ ನೀರಿನ ಜಾಡು ಹಿಡಿದು ಬಂದವರಿಗೆ ಇಲ್ಲಿ ಮನಸ್ಸು ಮುದುಡುತ್ತದೆ. ಕನ್ಹೇರಿಯ ದೊಣೆಗಳಲ್ಲಿ ಇಂದಿಗೂ ನೀರು ನಿಲ್ಲುತ್ತದೆ. ಯಾವ ನದಿಯ ದಂಡೆಯೆಂದು ಅರಸರು ಇಲ್ಲಿ ಗುಡಿ ಕಟ್ಟಿಸಿದರೋ ಆ ವಾಲಧುನಿ ಮಾತ್ರ ಕಾರ್ಖಾನೆಗಳ ರಾಸಾಯನಿಕ ಮತ್ತು ಪಟ್ಟಣಗಳ ಕೊಳಚೆಯಿಂದ ಕಪ್ಪುಗಟ್ಟಿ ಹರಿಯುತ್ತಿದೆ. ಮಾರ್ಗದರ್ಶಿಗಳು ಇದನ್ನು ತೋರಿಸದೆ ಗುಡಿಯ ಬೆನ್ನು ಹಾಯಿಸಿ ಕರೆದೊಯ್ಯುವುದುಂಟು. ನಮ್ಮ ಅಭಿಪ್ರಾಯದಲ್ಲಿ ತೋರಿಸಲೇಬೇಕು. ಅದೇ ನೀರಿನ ಸೆರಗಿನಲ್ಲಿ ನಾವೂ ಮನೆ ಮಾಡಿಕೊಂಡಿದ್ದೇವೆ.

ವ್ಯವಸ್ಥೆಯ ವಿಚಾರ. ಉದ್ಯಾನ ಮತ್ತು ಕನ್ಹೇರಿ ಸೋಮವಾರ ಮುಚ್ಚಿರುತ್ತವೆ. ಉದ್ಯಾನದೊಳಗೆ ಖಾಸಗಿ ವಾಹನದ ನಿಯಮ ಆಗಾಗ ಬದಲಾಗುವುದರಿಂದ ಹೊರಡುವ ಮುನ್ನ ವಿಚಾರಿಸಬೇಕು. ಒಳಗೆ ಬಸ್ಸಿನ ಸೌಕರ್ಯವಿದೆ. ಬಾಡಿಗೆ ವಾಹನ ಹಳದಿ ನಂಬರ್ ಪ್ಲೇಟಿನದೇ ಆಗಿರಲಿ. ಬಿಳಿ ಫಲಕದ ಸ್ವಂತ ಕಾರನ್ನು ಬಾಡಿಗೆಗೆ ಹಿಡಿದರೆ ಅಪಘಾತವಾದಾಗ ವಿಮೆಯ ತೊಡಕು ಬರುತ್ತದೆ. ಮಾರ್ಗದರ್ಶಿಯನ್ನು ಗೊತ್ತುಮಾಡುವ ಮೊದಲು ಪ್ರವಾಸೋದ್ಯಮ ಇಲಾಖೆಯ ಗುರುತುಪತ್ರವಿದೆಯೇ ಎಂದು ಕೇಳಿ; ಜೊತೆಗೆ ‘ಕನ್ಹೇರಿಯ ನೀರಿನ ವ್ಯವಸ್ಥೆ ತೋರಿಸುವಿರಾ, ಶಿಲಾಹಾರರ ಬಗ್ಗೆ ಹೇಳುವಿರಾ’ ಎಂದೂ ಕೇಳಿ. ಉತ್ತರದಿಂದಲೇ ಅವರ ಅರಿವು ತಿಳಿಯುತ್ತದೆ. ಬೆಳಗ್ಗೆ ಉದ್ಯಾನದ ಬಾಗಿಲು ತೆರೆಯುವ ಹೊತ್ತಿಗೆ ಅಲ್ಲಿರಬೇಕು. ಘೋಡಬಂದರ್ ರಸ್ತೆಯ ವಾಹನದಟ್ಟಣೆಯಲ್ಲಿ ಅಂಬರನಾಥ ಮುಟ್ಟಲು ಎರಡು ಮೂರು ಗಂಟೆ ಹಿಡಿಯಬಹುದು. ಮೊಣಕಾಲು ನೋವಿರುವ ಹಿರಿಯರು 11ನೆಯ ದರ್ಬಾರ್ ಗುಹೆಯವರೆಗೆ ಬಂದು ನಿಂತರೂ ನಷ್ಟವಿಲ್ಲ. ಮಳೆಗಾಲದಲ್ಲಿ ಕಾಲುವೆಗಳು ಕೆಲಸ ಮಾಡುವುದನ್ನು ಕಣ್ಣಾರೆ ಕಾಣಬಹುದು, ಆದರೆ ಪಾಚಿಗಟ್ಟಿದ ಮೆಟ್ಟಿಲು ಅಪಾಯಕಾರಿ. ದೊಣೆಗಳಿಗೆ ಇಳಿಯುವುದು, ಮಕ್ಕಳನ್ನು ಬಾಗಿಸಿ ತೋರಿಸುವುದು ಸರ್ವಥಾ ಕೂಡದು. ಬಾಯಿ ಚಿಕ್ಕದಿದ್ದರೂ ಒಳಗಿನ ಆಳ ಮೇಲಿನಿಂದ ತಿಳಿಯುವುದಿಲ್ಲ. ನವಿ ಮುಂಬಯಿಯವರಿಗೆ ಅಂಬರನಾಥವೇ ಹತ್ತಿರವಾದ್ದರಿಂದ ಅವರು ಈ ದಾರಿಯನ್ನು ತಿರುವುಮುರುವಾಗಿಯೂ ಹಿಡಿಯಬಹುದು. ಆದರೆ ಕನ್ಹೇರಿಗೆ ಅರ್ಧ ದಿನವನ್ನಾದರೂ ಮೀಸಲಿಡಬೇಕು.

ನೀರಿಗಿಳಿದೇ ನೋಡಬೇಕೆಂಬ ಹುಮ್ಮಸ್ಸಿನ ತರುಣರಿಗೆ ಊರ ಕಡೆಯ ದಾರಿಯಿದೆ. ಉತ್ತರ ಕನ್ನಡದ ಮುರುಡೇಶ್ವರದಿಂದ ಸಮುದ್ರದಲ್ಲಿ ಸುಮಾರು 19 ಕಿಲೋಮೀಟರ್ ದೂರದ ನೇತ್ರಾಣಿ ದ್ವೀಪದ ಬಳಿ ಮಳೆಗಾಲ ಕಳೆದ ಮೇಲೆ ಸ್ನಾರ್ಕೆಲಿಂಗ್ ನಡೆಯುತ್ತದೆ. ಅದೇ ತಾಲೂಕಿನ ಭಟ್ಕಳದಲ್ಲಿ ಕೇತಪೈ ನಾರಾಯಣ ದೇವಾಲಯ, ಹಳೆಯ ಜೈನ ಬಸದಿಗಳು, ಒಳನಾಡಿನ ಹಾಡುವಳ್ಳಿಯ ಅವಶೇಷಗಳೂ ಇವೆ. ಥಾಣೆ ಅಥವಾ ಪನ್ವೇಲಿನಲ್ಲಿ ಮತ್ಸ್ಯಗಂಧ ಎಕ್ಸ್‌ಪ್ರೆಸ್ ಹತ್ತಿದರೆ ಮರುದಿನ ಬೆಳಗಿನ ಜಾವಕ್ಕೆ ಮುರುಡೇಶ್ವರ. ಬೆಳಗ್ಗೆ ಕಡಲು ಶಾಂತವಾಗಿರುವಾಗ ದ್ವೀಪ, ಮಧ್ಯಾಹ್ನದ ಮೇಲೆ ಭಟ್ಕಳ ಎಂದು ಕ್ರಮವಿಟ್ಟುಕೊಂಡರೆ ಒಂದೇ ದಿನದಲ್ಲಿ ಎರಡೂ ಆಗುತ್ತವೆ. ಜೀವರಕ್ಷಕ ಅಂಗಿಯಿಲ್ಲದೆ ದೋಣಿ ಹತ್ತಿಸುವವರಿಗೆ ಮುಂಗಡ ಕೊಡಬಾರದು.