ಅಪ್ಪನ ಲಿಂಬೆ, ಬ್ಯಾಂಕಾಕ್ ಶರಬತ್ತು

ನಾಲ್ಕನೇ ಸೆಮಿಸ್ಟರ್ ಪರೀಕ್ಷೆ ಮುಗಿಸಿ ಊರಿಗೆ ಬಂದಾಗ ನಮ್ಮ ಪಡಸಾಲೆಯಲ್ಲಿ ಕಾಲಿಡಲು ಜಾಗ ಇರಲಿಲ್ಲ. ಗೋಡೆಗುಂಟ ಲಿಂಬೆಹಣ್ಣಿನ ಚೀಲಗಳು. ನಮ್ಮದು ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕು. ಇಂಡಿ ಲಿಂಬೆಗೆ ಜಿಐ ಮಾನ್ಯತೆ ಇದೆ, ರಾಜ್ಯದ ಲಿಂಬೆ ಅಭಿವೃದ್ಧಿ ಮಂಡಳಿ ಇರುವುದೂ ಇಂಡಿಯಲ್ಲೇ. ಆದರೆ ಮಳೆಗಾಲದ ಲಿಂಬೆಗೆ ಈ ಮರ್ಯಾದೆ ಯಾವುದೂ ನಡೆಯುವುದಿಲ್ಲ. ಬೇಸಿಗೆಯಲ್ಲಿ ಒಂದೊಂದೇ ಹಣ್ಣು ಎಣಿಸಿ ಕೊಡುವ ಅಂಗಡಿಯವರೇ ಜುಲೈನಲ್ಲಿ ‘ಇನ್ನೆರಡು ಹಾಕ್ಕೊಳ್ರಿ’ ಅನ್ನುತ್ತಾರೆ.

‘ಯಾಕಪ್ಪಾ, ಪೇಟಿಗೆ ಒಯ್ಯಲಿಲ್ಲೇನು?’ ಅಂದೆ.

‘ಒಯ್ದಿದ್ದೆ. ಅವರು ಹೇಳಿದ ರೇಟಿಗೆ ಕೊಟ್ಟಿದ್ರ ಟೆಂಪೊ ಬಾಡಿಗಿನೂ ಹುಟ್ಟತಿರಲಿಲ್ಲ. ತಿರುಗಿ ತಂದೆ’ ಅಂದ ಅಪ್ಪ. ಮುಂದೆ ಮಾತಾಡಲಿಲ್ಲ. ನಾನೂ ಕೇಳಲಿಲ್ಲ. ಎರಡು ವರ್ಷದಿಂದ ನಮ್ಮಿಬ್ಬರ ಮಾತು ಇಷ್ಟೇ: ‘ಊಟ ಆತೇನು?’, ‘ಆತು’. ‘ರೊಕ್ಕ ಅದಾವೇನು?’, ‘ಅದಾವು’.

ಮರುದಿನ ಮಧ್ಯಾಹ್ನ ಕಾಕಾನ ವಿಡಿಯೊ ಕಾಲ್ ಬಂತು. ಕಾಕಾ ಬ್ಯಾಂಕಾಕಿನ ಒಂದು ಇಂಡಿಯನ್ ಹೋಟೆಲಿನಲ್ಲಿ ಅಡುಗೆಯವನು. ಅಲ್ಲಿ ನಮಗಿಂತ ಒಂದೂವರೆ ತಾಸು ಮುಂದೆ. ಮಧ್ಯಾಹ್ನದ ಗದ್ದಲ ಮುಗಿಸಿ, ಐಸ್ ತುಂಬಿದ ದೊಡ್ಡ ಲೋಟ ಹಿಡಿದು ಕೂತಿದ್ದ. ನಾನು ಫೋನ್ ತಿರುಗಿಸಿ ಚೀಲಗಳನ್ನು ತೋರಿಸಿದೆ. ಅವನು ಲೋಟ ಎತ್ತಿ, ‘ಇದೂ ಅದೇ ಹಣ್ಣಪಾ. ಇಲ್ಲಿ ಇದಕ್ಕ ನಾಮ್ ಮನಾವ್ ಅಂತಾರ’ ಅಂದ.

ಥಾಯ್ ಭಾಷೆಯಲ್ಲಿ ನಾಮ್ ಅಂದರೆ ನೀರು, ಮನಾವ್ ಅಂದರೆ ಲಿಂಬೆ. ನಾವು ಲಿಂಬೆ ನೀರು ಅಂದರೆ ಅವರು ನೀರು ಲಿಂಬೆ ಅನ್ನುತ್ತಾರೆ, ಅಷ್ಟೇ. ಥಾಯ್ ಲಿಂಬೆ ಸೂಪರ್ ಮಾರ್ಕೆಟಿನ ದಪ್ಪ ಸಿಪ್ಪೆಯ ಹಳದಿ ಲೆಮನ್ ಅಲ್ಲ. ನಮ್ಮ ಕಾಗ್ಜಿ ಲಿಂಬೆಯ ಹಾಗೇ ಸಣ್ಣದು, ತೆಳು ಸಿಪ್ಪೆಯದು, ಜಾತಿಯೂ ಅದೇ. ನಾವು ಹಳದಿ ಆಗುವವರೆಗೆ ಕಾಯುತ್ತೇವೆ, ಅವರು ಹಸಿರಿದ್ದಾಗಲೇ ಬಳಸುತ್ತಾರೆ. ಟಾಮ್ ಯಮ್ ಸಾರಿಗೆ, ಪಪ್ಪಾಯಿ ಕಾಯಿಯ ಸೋಮ್ ತಮ್‌ಗೆ ಹುಳಿ ಕೊಡುವುದೂ ಇದೇ ಹಣ್ಣು. ಬ್ಯಾಂಕಾಕಿನ ಬೀದಿಗಳಲ್ಲಿ ತಂಪು ಪಾನೀಯವನ್ನು ಐಸ್ ಸಮೇತ ಪ್ಲಾಸ್ಟಿಕ್ ಚೀಲಕ್ಕೆ ಸುರಿದು, ಸ್ಟ್ರಾ ಸಿಕ್ಕಿಸಿ, ಬಾಯಿಗೆ ರಬ್ಬರ್ ಬ್ಯಾಂಡ್ ಸುತ್ತಿ ಕೊಡುವ ರೂಢಿಯೂ ಇದೆ. ನಮ್ಮಲ್ಲಿ ಹೋಟೆಲಿನಿಂದ ಸಾಂಬಾರು ಕಟ್ಟಿಸಿಕೊಂಡು ಬರುವ ಹಾಗೆ!

‘ನಮ್ಮ ಶರಬತ್ತಿಗೂ ಇದಕ್ಕೂ ಏನು ಫರಕು?’ ಅಂದೆ.

‘ನೀವು ರಸ ಹಿಂಡಿ ಸಿಪ್ಪಿ ಒಗೀತೀರಿ. ನಾವು ಸಿಪ್ಪಿನೂ ಬಿಡಂಗಿಲ್ಲ. ಸಿಪ್ಪಿಗೆ ಬಿಸಿನೀರು ತೋರಸ್ತೀವಿ, ಆಮೇಲೆ ರಸ, ಸಕ್ರಿ, ಉಪ್ಪು, ಲೋಟದ ತುಂಬ ಐಸ್’ ಅಂದ. ಎಲ್ಲರೂ ಹೀಗೇ ಮಾಡುವುದಿಲ್ಲವಂತೆ, ಇದು ಅವನ ಜೊತೆ ಕೆಲಸ ಮಾಡುವ ಥಾಯ್ ಅಕ್ಕ ಕಲಿಸಿದ ಪದ್ಧತಿ. ಅಷ್ಟರಲ್ಲಿ ಯಾರೋ ಕರೆದರು, ಕಾಲ್ ಕಟ್ ಆಯಿತು.

ಎಂಜಿನಿಯರಿಂಗ್ ಹುಡುಗರಿಗೆ ಅರ್ಧ ಕೇಳಿಸಿಕೊಂಡು ಪೂರ್ತಿ ಮಾಡುವ ಧೈರ್ಯ ಜಾಸ್ತಿ. ಹತ್ತು ಲಿಂಬೆ ಹಿಂಡಿ, ಹತ್ತರ ಸಿಪ್ಪೆಯನ್ನೂ ನೀರಿಗೆ ಹಾಕಿ ಒಲೆ ಮೇಲಿಟ್ಟೆ. ‘ಬಿಸಿನೀರು ತೋರಸ್ತೀವಿ’ ಅಂದಿದ್ದನ್ನು ‘ಕುದಿಸ್ತೀವಿ’ ಅಂತ ತಿಳಿದುಕೊಂಡಿದ್ದೆ. ಅರ್ಧ ತಾಸು ಕೊತಕೊತ ಕುದಿಸಿ, ಸೋಸಿ, ರಸ–ಸಕ್ಕರೆ ಬೆರೆಸಿ, ಮೊದಲ ಲೋಟವನ್ನು ದೊಡ್ಡ ಸಾಧನೆ ಮಾಡಿದವನಂತೆ ಅಪ್ಪನಿಗೆ ಕೊಟ್ಟೆ. ಅಪ್ಪ ಪೂರ್ತಿ ಕುಡಿದು ಲೋಟ ಕೆಳಗಿಟ್ಟು ಹೊಲಕ್ಕೆ ಹೋದ. ತಂಗಿ ಒಂದು ಗುಟುಕು ಕುಡಿದು ಬಚ್ಚಲಿಗೆ ಓಡಿದಳು. ನಾನೂ ಬಾಯಿಗಿಟ್ಟೆ. ಬೇವಿನ ಕಷಾಯ! ಅದನ್ನು ಅಪ್ಪ ಮುಖ ಕಿವುಚದೆ ಹೇಗೆ ಕುಡಿದನೋ.

ಅವ್ವ ಪಾತ್ರೆ ನೋಡಿ ಬೈದಳು. ‘ಚಿತ್ರಾನ್ನಕ್ಕ ಲಿಂಬಿ ಯಾವಾಗ ಹಿಂಡತೀನಿ, ನೋಡಿಲ್ಲೇನು? ಒಲಿ ಆರಿಸಿದ ಮ್ಯಾಲ. ಬೆಂಕಿ ಮ್ಯಾಲ ಇಟ್ರ ಲಿಂಬಿ ಸಿಟ್ಟಿಗೇಳತೈತಿ.’

ಅವ್ವನ ಮಾತನ್ನು ರಾತ್ರಿ ಕಾಕಾನಿಗೆ ಹೇಳಿದರೆ ಅವನು ನಕ್ಕ. ಟಾಮ್ ಯಮ್‌ಗೂ ಲಿಂಬೆ ರಸ ಹಿಂಡುವುದು ಒಲೆ ಆರಿಸಿದ ಮೇಲೆಯೇ ಅಂತೆ. ಆಮೇಲೆ ನಾನು ಕೂತು ಓದಿದೆ. ಲಿಂಬೆ ಸಿಪ್ಪೆಯ ಹೊರಮೈಯಲ್ಲಿ ಸೂಜಿಮೊನೆಯಷ್ಟು ಸಣ್ಣ ಎಣ್ಣೆಯ ಚೀಲಗಳಿರುತ್ತವೆ. ಆ ಎಣ್ಣೆಯಲ್ಲಿ ಹೆಚ್ಚಿನ ಪಾಲು ಲಿಮೊನಿನ್ ಎಂಬ ಹೆಸರಿಗೆ ಬಹಳ ಹತ್ತಿರವಿರುವ ಲಿಮೊನೀನ್. ಸಿಪ್ಪೆ ಮುರಿದಾಗ ಮೂಗಿಗೆ ಬಡಿಯುವ ಘಮ ಅದರದ್ದು. ಲಿಮೊನಿನ್ ಬೇರೆಯೇ ವಸ್ತು, ಅದು ಬೀಜದಲ್ಲೂ ಸಿಪ್ಪೆಯ ಒಳಗಿನ ಬಿಳಿ ಪದರದಲ್ಲೂ ಇರುವ ಕಹಿ. ಬಿಸಿನೀರು ಮುಟ್ಟಿದೊಡನೆ ಘಮ ಬರುತ್ತದೆ, ಕಹಿ ನಿಧಾನಕ್ಕೆ ಇಳಿಯುತ್ತದೆ. ನಾನು ಅರ್ಧ ತಾಸು ಕುದಿಸಿ ಘಮವನ್ನು ಹಬೆಯ ಜೊತೆ ಕಳಿಸಿ, ಕಹಿಯನ್ನು ಪಾತ್ರೆಯಲ್ಲಿ ಉಳಿಸಿಕೊಂಡಿದ್ದೆ.

ಮರುದಿನ ಎರಡನೇ ಪ್ರಯೋಗ. ಈ ಸಲ ಅಳತೆ ಬರೆದಿಟ್ಟುಕೊಂಡೆ, ನೀವೂ ಬರೆದುಕೊಳ್ಳಿ. ಆರು ಲಿಂಬೆಹಣ್ಣು ಚೆನ್ನಾಗಿ ತೊಳೆಯಿರಿ. ಸಿಪ್ಪೆಯನ್ನೂ ಬಳಸುವುದರಿಂದ ಉಜ್ಜಿ ತೊಳೆಯುವುದು ಮುಖ್ಯ. ಅಡ್ಡ ಹೆಚ್ಚಿ ರಸ ಹಿಂಡಿ, ಬೀಜ ಸೋಸಿ ಬದಿಗಿಡಿ. ಮೂರು ಹಣ್ಣಿನ ಸಿಪ್ಪೆ ಮಾತ್ರ ಪಾತ್ರೆಗೆ ಹಾಕಿ. ಹತ್ತು ದೊಡ್ಡ ಚಮಚ ಸಕ್ಕರೆ, ಅರ್ಧ ಚಹಾ ಚಮಚ ಉಪ್ಪು ಹಾಕಿ, ಮೇಲೆ ಮುಕ್ಕಾಲು ಲೀಟರ್ ಕುದಿಯುವ ನೀರು ಸುರಿದು ಮುಚ್ಚಿಡಿ. ಒಲೆ ಆರಿಯೇ ಇರಲಿ. ಎಂಟರಿಂದ ಹತ್ತು ನಿಮಿಷ, ಅದಕ್ಕಿಂತ ಜಾಸ್ತಿ ಬೇಡ. ಸಿಪ್ಪೆಯನ್ನು ಹಿಂಡದೆ ಸೋಸಿ. ಪೂರ್ತಿ ತಣಿದ ಮೇಲೆ ರಸ ಬೆರೆಸಿ. ಲೋಟದ ತುಂಬ ಐಸ್ ಹಾಕಿ ಸುರಿಯಿರಿ. ಐಸ್ ಕರಗಿ ತೆಳ್ಳಗಾಗುವುದರಿಂದ ಬಾಯಿಗೆ ಸ್ವಲ್ಪ ಗಟ್ಟಿ ಅನ್ನಿಸಿದರೇ ಸರಿ.

ಉಪ್ಪು ಬಿಡಬೇಡಿ. ಥಾಯ್ ಅಡುಗೆಯಲ್ಲಿ ಹುಳಿ, ಸಿಹಿ, ಉಪ್ಪು ಜೊತೆಗೇ ನಡೆಯುತ್ತವೆ. ಕುಡಿಯುವಾಗ ಉಪ್ಪು ಗೊತ್ತಾಗಬಾರದು, ಆದರೆ ಇಲ್ಲದಿದ್ದರೆ ಏನೋ ಕಡಿಮೆ ಅನ್ನಿಸಬೇಕು. ಉಪ್ಪಿನ ಸೋಡಿಯಂ ನಾಲಿಗೆಯಲ್ಲಿ ಕಹಿಯನ್ನು ತಗ್ಗಿಸುತ್ತದೆ, ಕಹಿ ತಗ್ಗಿದಾಗ ಸಿಹಿ ಎದ್ದು ಬರುತ್ತದೆ ಎಂದು 1997ರಲ್ಲೇ ‘ನೇಚರ್’ ಪತ್ರಿಕೆಯಲ್ಲಿ ಇಬ್ಬರು ವಿಜ್ಞಾನಿಗಳು ಬರೆದಿದ್ದಾರೆ. ಈ ವಿಷಯವನ್ನು ಊಟದ ಹೊತ್ತಿನಲ್ಲಿ ಗತ್ತಿನಿಂದ ಹೇಳಿದೆ. ಅಪ್ಪ ರೊಟ್ಟಿ ಮುರಿಯುತ್ತ, ‘ನಮ್ಮ ಹೊಲದಾಗ ಹಣ್ಣು ಹರಿಯೋ ಹೆಣ್ಣಮಕ್ಕಳು ಮೊದಲಿಂದಲೂ ಉಪ್ಪು ಹಾಕ್ಕೊಂಡೇ ಕುಡೀತಾರಲ್ಲೋ ತಮ್ಮಾ’ ಅಂದ. ಎಲ್ಲರೂ ನಕ್ಕರು.

ಎರಡನೇ ಸಲದ ಶರಬತ್ತನ್ನೂ ಅಪ್ಪ ಪೂರ್ತಿ ಕುಡಿದ. ಲೋಟ ಕೆಳಗಿಡಲಿಲ್ಲ, ನನ್ನ ಕಡೆ ಚಾಚಿದ. ‘ಇನ್ನೊಂದೀಟು ಹಾಕು.’

ಯಾವ ಸೆಮಿಸ್ಟರಿನ ರಿಸಲ್ಟೂ ನನಗೆ ಅಷ್ಟು ಖುಷಿ ಕೊಟ್ಟಿರಲಿಲ್ಲ.

ಆಮೇಲೆ ತಂಗಿಯ ಪಾಳಿ. ಅವಳಿಗೆ ಬಣ್ಣ ಬೇಕಿತ್ತು. ಥಾಯ್ಲೆಂಡಿನಲ್ಲಿ ಅಂಚನ್ ಮನಾವ್ ಅಂತ ಒಂದು ಪಾನೀಯ ಇದೆ. ಅಂಚನ್ ಅಂದರೆ ಬೇರೇನಲ್ಲ, ನಮ್ಮ ಬೇಲಿಯ ಮೇಲೆ ಹಬ್ಬುವ ನೀಲಿ ಶಂಖಪುಷ್ಪ. ಏಳೆಂಟು ಹೂವನ್ನು ಬಿಸಿನೀರಿನಲ್ಲಿ ನೆನೆಸಿದರೆ ನೀರು ಕಡುನೀಲಿ. ಅದಕ್ಕೆ ಲಿಂಬೆ ಬಿದ್ದೊಡನೆ ನೇರಳೆ! ಪಿಯುಸಿ ಲ್ಯಾಬಿನ ಲಿಟ್ಮಸ್ ಕಾಗದದ ಕೆಲಸವನ್ನೇ ಇಲ್ಲಿ ಹೂವಿನ ಆಂಥೋಸಯಾನಿನ್ ಮಾಡುತ್ತದೆ. ತಂಗಿ ಓಣಿಯ ಹುಡುಗರನ್ನೆಲ್ಲ ಕರೆದು ಮೂರು ಸಲ ಮಾಡಿ ತೋರಿಸಿದಳು. ಸಿಪ್ಪೆಯ ಜೊತೆ ಚಹಾಕ್ಕೆ ಹಾಕುವ ನಿಂಬೆಹುಲ್ಲಿನ ಒಂದು ದಂಟು ಜಜ್ಜಿ ಹಾಕಿದರೆ ಅದು ಮತ್ತೊಂದು ರುಚಿ. ಸಿಹಿ ಕರಿ ಚಹಾಕ್ಕೆ ಲಿಂಬೆ ಹಿಂಡಿ ಐಸ್ ಹಾಕಿದರೆ ಚಾ ಮನಾವ್. ನೀರಿನ ಬದಲು ಸೋಡಾ ಹಾಕಿದರೆ ಹೆಸರು ನೀವೇ ಊಹಿಸಿ.

ಶರಬತ್ತಿಗಿಂತ ಅಪ್ಪನಿಗೆ ಹಿಡಿಸಿದ್ದು ಕಾಕಾ ಹೇಳಿದ ಇನ್ನೊಂದು ಸುದ್ದಿ. ಥಾಯ್ಲೆಂಡಿನಲ್ಲೂ ಮಳೆಗಾಲದಲ್ಲಿ ಲಿಂಬೆ ಅಗ್ಗ, ಮಾರ್ಚ್–ಏಪ್ರಿಲ್‌ನಲ್ಲಿ ತುಟ್ಟಿ. ಅದಕ್ಕೇ ಅಲ್ಲಿನ ಕೆಲ ರೈತರು ಲಿಂಬೆಯನ್ನು ನೆಲದಲ್ಲಿ ನೆಡದೆ, ಬಾವಿಗೆ ಇಳಿಸುವಂಥ ಸಿಮೆಂಟ್ ರಿಂಗ್‌ಗಳಲ್ಲಿ ಮಣ್ಣು ತುಂಬಿ ಬೆಳೆಯುತ್ತಾರೆ. ಬೇಕಾದಾಗ ನೀರು ನಿಲ್ಲಿಸಿ, ಮಳೆ ತಾಗದಂತೆ ಬುಡಕ್ಕೆ ಪ್ಲಾಸ್ಟಿಕ್ ಹೊದಿಸಿ ಗಿಡವನ್ನು ಸೊರಗಿಸುತ್ತಾರೆ. ಮತ್ತೆ ನೀರು ಕೊಟ್ಟಾಗ ಗಿಡ ಹೂ ಬಿಡುತ್ತದೆ. ಹಣ್ಣು ಬೇಸಿಗೆಗೆ ಕೈಗೆ ಬರುತ್ತದೆ.

ಅಪ್ಪ ಎದ್ದು ಕೂತ. ‘ನಾವೂ ನೀರು ನಿಲ್ಲಸ್ತೀವಿ. ಆದ್ರ ನಮ್ಮ ಕರಿಮಣ್ಣು ಹಸಿ ಹಿಡಕೊಂಡು ಕುಂದರತೈತಿ, ಗಿಡ ಮಾತು ಕೇಳಂಗಿಲ್ಲ. ರಿಂಗಿನಾಗ ಆದ್ರ...’ ಅಂದವನು ನನ್ನ ನೋಟ್‌ಬುಕ್ ತರಿಸಿದ. ಒಂದು ರಿಂಗಿಗೆ ಎಷ್ಟು ಮಣ್ಣು ಹಿಡಿಯುತ್ತದೆ, ಹತ್ತು ಗಿಡಕ್ಕೆ ಎಷ್ಟು ಖರ್ಚು, ಲೆಕ್ಕ ಹಾಕು ಅಂದ. ವ್ಯಾಸ, ಎತ್ತರ, ಘನ ಅಳತೆ. ರಾತ್ರಿ ಹನ್ನೊಂದರವರೆಗೆ ಇಬ್ಬರೂ ಕೂತಿದ್ದೆವು. ಹತ್ತು ಗಿಡದ ಪ್ರಯೋಗಕ್ಕೆ ಸದ್ಯ ರೊಕ್ಕ ಇಲ್ಲ ಅಂತ ಕೊನೆಗೆ ಗೊತ್ತಾಯಿತು. ‘ಎರಡು ಮಾಡಿ ನೋಡೋಣ’ ಅಂದ ಅಪ್ಪ. ಪಡಸಾಲೆಯ ಚೀಲಗಳಲ್ಲಿ ಅರ್ಧ ಉಪ್ಪಿನಕಾಯಿಗೆ ಹೋದವು, ಒಂದಿಷ್ಟು ಓಣಿಗೆ ಹಂಚಿದೆವು, ಉಳಿದವು ಕೊಳೆತವು. ನಮ್ಮ ಶರಬತ್ತು ಯಾವ ರೇಟನ್ನೂ ಏರಿಸಲಿಲ್ಲ. ಆದರೆ ‘ಊಟ ಆತೇನು?’ ಆದ ಮೇಲೆ ನಮ್ಮಿಬ್ಬರಿಗೆ ಆಡಲು ಮಾತು ಉಳಿಯತೊಡಗಿತು.

ರಜೆ ಮುಗಿಸಿ ಹೊರಟಾಗ ಅಪ್ಪ ಎಂದಿನಂತೆ ಒಂದು ಕೈಚೀಲ ಲಿಂಬೆ ಕೊಟ್ಟ. ಈಗ ಪಿಜಿಯಲ್ಲಿ ಇಂಡಕ್ಷನ್ ಒಲೆಯ ಮೇಲೆ ನೀರು ಕಾಯಿಸಿ ನಾಮ್ ಮನಾವ್ ಮಾಡುತ್ತೇನೆ. ಇಂಟರ್ನಲ್ಸ್ ಹಿಂದಿನ ರಾತ್ರಿ ನಮ್ಮ ಫ್ಲೋರಿನ ಅಷ್ಟೂ ಹುಡುಗರು ಲೋಟ ಹಿಡಿದು ನನ್ನ ರೂಮಿಗೇ ಬರುತ್ತಾರೆ.

ಇಲ್ಲಿ ಒಂದು ಮಾತು ಹೇಳಬೇಕು. ಮೊದಲ ವರ್ಷ ಇಂಥದ್ದೇ ಚೀಲ ತಂದಾಗ ರೂಮ್‌ಮೇಟ್‌ಗಳು ‘ಯಾರಿಗೆ ಮಾಟ ಮಾಡಿಸ್ತೀಯ ಗುರು?’ ಅಂತ ತಿಂಗಳುಗಟ್ಟಲೆ ಕಾಡಿದ್ದರು. ಅದಕ್ಕೇ ಮುಂದಿನ ಸಲ ಅಪ್ಪ ಕೊಟ್ಟ ಚೀಲವನ್ನು ಬಸ್ಸಿನ ಸೀಟಿನ ಕೆಳಗೇ ಬಿಟ್ಟು ಇಳಿದುಬಿಟ್ಟೆ. ಅಪ್ಪ ಫೋನಿನಲ್ಲಿ ‘ಲಿಂಬಿ ಮುಗದವೇನು?’ ಅಂದಾಗ ‘ಎಲ್ಲಾ ಖರ್ಚಾದ್ವು’ ಅಂದಿದ್ದೆ. ಅರ್ಧ ತಾಸು ಕುದಿಸಿದ ಆ ಕಹಿ ಲೋಟವನ್ನು ಅಪ್ಪ ನನ್ನ ಮನಸ್ಸು ನೋಯಬಾರದು ಅಂತ ಖಾಲಿ ಮಾಡಿದ ದಿನದಿಂದ ಈ ಸುಳ್ಳು ನನ್ನ ಗಂಟಲಲ್ಲಿ ಸಿಕ್ಕಿಕೊಂಡಿದೆ.

ಅಪ್ಪಾ, ಚಹಾದಂಗಡಿಯಲ್ಲಿ ನೀನು ಈ ಪೇಪರ್ ಓದುತ್ತೀ ಅಂತ ಗೊತ್ತು. ಆ ಚೀಲ ಬೆಂಗಳೂರಿನ ಯಾರ ಬಾಯಿಗೂ ಬೀಳಲಿಲ್ಲ. ತಪ್ಪಾಯಿತು. ಈ ಸಲದ್ದು ಮಾತ್ರ ನಿಜವಾಗಿಯೂ ಖರ್ಚಾಗಿವೆ, ಸಿಪ್ಪೆ ಸಮೇತ. ದಸರಾಕ್ಕೆ ಬಂದಾಗ ಎರಡು ಚೀಲ ಕೊಡು.